ನಾಟಕ ಬರೆದ ಹೆಣ್ಣುಮಕ್ಕಳು

ಜಾತ್ರೆಯಲ್ಲಿ ನಾಟಕ ಇದ್ದರೆ ನಾವೆಲ್ಲ ಹೋಗ್ತೇವೆ. ಚಾಪೆ ಹಾಸಿಕೊಂಡು ಬೆಳಗಿನ ತನಕ ನೋಡ್ತೇವೆ. ಸೀತೆ ಅತ್ತರೆ ನಮಗೂ ಕಣ್ಣೀರು ಬರುತ್ತದೆ. ದ್ರೌಪದಿ ಸಿಟ್ಟಾದರೆ ನಮಗೂ ಸಿಟ್ಟು ಬರುತ್ತದೆ.

ಆದರೆ ಒಂದು ಮಾತು ಯೋಚಿಸೋಣ. ಆ ಸೀತೆಯ ಮಾತು ಬರೆದವರು ಯಾರು? ಹೆಚ್ಚಾಗಿ ಗಂಡಸರು. ಬಹಳ ಕಾಲ ಸೀತೆಯ ಪಾರ್ಟು ಮಾಡಿದವರೂ ಗಂಡಸರೇ. ಮೀಸೆ ಬೋಳಿಸಿ, ಸೀರೆ ಉಟ್ಟು ಬರುತ್ತಿದ್ದರು. ಕಥೆ ಹೆಣ್ಣಿನದು, ಮಾತು ಮಾತ್ರ ಗಂಡಸಿನದು.

ಯಾಕೆ ಹೀಗೆ?

ಹೆಣ್ಣುಮಕ್ಕಳಿಗೆ ಕಥೆ ಕಟ್ಟಲು ಬರುವುದಿಲ್ಲವೇ? ಬರುತ್ತದೆ. ಬೀಸುವಾಗ, ಕುಟ್ಟುವಾಗ, ನಾಟಿ ಮಾಡುವಾಗ ಹಾಡು ಕಟ್ಟಿದವರು ನಮ್ಮ ಅಜ್ಜಿಯರೇ. ಆದರೆ ಅದನ್ನು ಬರೆದಿಡಲು ಅವರಿಗೆ ಅಕ್ಷರ ಕಲಿಸಲಿಲ್ಲ.

ನಾಟಕಕ್ಕೆ ಇನ್ನೂ ಒಂದು ತೊಡಕು ಇದೆ. ಕಥೆಯನ್ನು ಮನೆಯಲ್ಲೇ ಕೂತು ಬರೆಯಬಹುದು. ಮಕ್ಕಳು ಮಲಗಿದ ಮೇಲೆ ಬರೆಯಬಹುದು. ನಾಟಕ ಹಾಗಲ್ಲ. ಅದಕ್ಕೆ ಹತ್ತು ಜನ ಸೇರಬೇಕು. ರಾತ್ರಿ ತಾಲೀಮು ಆಗಬೇಕು. ಊರೂರು ತಿರುಗಬೇಕು. ಹಣ ಬೇಕು. ಹೊಸಿಲು ದಾಟಿದರೆ ಆಡಿಕೊಳ್ಳುವ ಜನ, ನಾಟಕಕ್ಕೆ ಹೋದರೆ ಸುಮ್ಮನಿರುತ್ತಾರಾ? ಹೀಗಾಗಿ ನಾಟಕ ಬರೆದ ಹೆಣ್ಣುಮಕ್ಕಳು ಕಡಿಮೆ. ಆದರೆ ಇಲ್ಲವೇ ಇಲ್ಲ ಎನ್ನುವಂತಿಲ್ಲ.

ಹೀರಾಬಾಯಿ

ಹೀರಾಬಾಯಿ ಪೇಡಣೇಕರ್ ಮರಾಠಿಯಲ್ಲಿ ಬರೆದವರು. ಹಾಡುವ ಕಲಾವಂತ ಮನೆತನದಲ್ಲಿ ಹುಟ್ಟಿದರು. ಅಂಥ ಮನೆಯ ಹೆಣ್ಣುಮಕ್ಕಳ ಹಾಡು ಜನರಿಗೆ ಬೇಕಿತ್ತು. ಅವರಿಗೆ ಮರ್ಯಾದೆ ಕೊಡಲು ಮಾತ್ರ ಜನ ತಯಾರಿರಲಿಲ್ಲ.

ಹೀರಾಬಾಯಿ 1904ರಲ್ಲಿ ‘ಜಯದ್ರಥ ವಿಡಂಬನ’ ಎಂಬ ನಾಟಕ ಬರೆದರು. ಆಮೇಲೆ ‘ದಾಮಿನಿ’ ಬರೆದರು. 1912ರಲ್ಲಿ ‘ಲಲಿತಕಲಾದರ್ಶ’ ಎಂಬ ಹೆಸರಾಂತ ಕಂಪನಿ ಆ ನಾಟಕ ಆಡಿತು. ಈ ಕಂಪನಿ 1908ರಲ್ಲಿ ಹುಟ್ಟಿದ್ದು ನಮ್ಮ ಹುಬ್ಬಳ್ಳಿಯಲ್ಲಿ!

ಅಳಲು ಪುರುಸೊತ್ತಿಲ್ಲದ ಶನಿಚರಿ

ಈಗ ಒಂದು ಕಥೆ ಕೇಳೋಣ. ಇದನ್ನು ಬಂಗಾಳಿಯಲ್ಲಿ ಬರೆದವರು ಮಹಾಶ್ವೇತಾದೇವಿ. ಪಲಾಮು ಜಿಲ್ಲೆಯ ಜೀತದಾಳುಗಳ ನಡುವೆ ಓಡಾಡಿ, ಅವರ ಕಷ್ಟ ಕಣ್ಣಾರೆ ಕಂಡವರು. ಕಥೆಯ ಹೆಸರು ‘ರುದಾಲಿ’. ರುದಾಲಿ ಅಂದರೆ ಕೂಲಿಗಾಗಿ ಅಳುವವಳು.

ಶನಿವಾರ ಹುಟ್ಟಿದವಳು ಶನಿಚರಿ. ಅವಳ ಕಷ್ಟಕ್ಕೆಲ್ಲ ಆ ಶನಿವಾರವೇ ಕಾರಣ ಅಂತ ಅತ್ತೆ ಬೈಯುತ್ತಿದ್ದಳು. ಆದರೆ ಬೇರೆ ವಾರ ಹುಟ್ಟಿದ ಬಡವರೂ ಸುಖವಾಗಿಲ್ಲ. ಇದು ಶನಿಚರಿಗೆ ಗೊತ್ತು.

ಅತ್ತೆ ಸತ್ತಳು. ಶನಿಚರಿ ಅಳಲಿಲ್ಲ. ಗಂಡ ಸತ್ತ. ಆಗಲೂ ಅಳಲಿಲ್ಲ. ಕಲ್ಲು ಮನಸ್ಸಿನವಳೇ? ಅಲ್ಲ. ಅಳಲು ಪುರುಸೊತ್ತೇ ಸಿಗಲಿಲ್ಲ. ಗಂಡನ ತಿಥಿ ಮಾಡಬೇಕು. ಕೈಯಲ್ಲಿ ಕಾಸಿಲ್ಲ. ಜಮೀನ್ದಾರನ ಹತ್ತಿರ 20 ರೂಪಾಯಿ ಸಾಲ ತಂದಳು. ಅವನು ಒಂದು ಕಾಗದ ಚಾಚಿದ. ಶನಿಚರಿ ಹೆಬ್ಬೆಟ್ಟು ಒತ್ತಿದಳು. 20 ರೂಪಾಯಿಗೆ 50 ರೂಪಾಯಿ ತೀರಿಸಬೇಕು. ಅದೂ 5 ವರ್ಷ ಅವನ ಹೊಲದಲ್ಲಿ ಜೀತ ಮಾಡಿ!

ನೋಡಿದಿರಾ, ಒಂದು ಹೆಬ್ಬೆಟ್ಟಿನ ಬೆಲೆ?

ಮುಂದೆ ಮಗನೂ ಸತ್ತ. ಸೊಸೆ ಬಿಟ್ಟು ಹೋದಳು. ಮೊಮ್ಮಗ ಓಡಿಹೋದ. ಒಂಟಿಯಾದ ಶನಿಚರಿಗೆ ಹಳೆಯ ಗೆಳತಿ ಬಿಖನಿ ಸಿಕ್ಕಳು. ಇಬ್ಬರೂ ಒಂದೇ ಗುಡಿಸಿಲಲ್ಲಿ ಇದ್ದರು. ಗಂಜಿ ಹಂಚಿಕೊಂಡರು. ಹೊಟ್ಟೆಗೆ ಏನು ಮಾಡುವುದು? ಶ್ರೀಮಂತರ ಮನೆಯಲ್ಲಿ ಯಾರಾದರೂ ಸತ್ತರೆ ಮನೆಯವರಿಗೆ ಕಣ್ಣೀರು ಬರುವುದಿಲ್ಲ. ಅವರ ಕಣ್ಣೆಲ್ಲ ಆಸ್ತಿಯ ಮೇಲೆ. ಆದರೆ ಜನರ ಮುಂದೆ ದೊಡ್ಡಸ್ತಿಕೆ ಬೇಕಲ್ಲ? ಅದಕ್ಕೆ ಅಳುವವರನ್ನು ಕರೆಸುತ್ತಾರೆ. ಬರೀ ಅತ್ತರೆ ಒಂದು ದರ. ನೆಲದ ಮೇಲೆ ಹೊರಳಿ ಅತ್ತರೆ ಹೆಚ್ಚಿನ ದರ.

ತನ್ನವರು ಸತ್ತಾಗ ಅಳಲಾಗದ ಶನಿಚರಿ, ಯಾರದೋ ಮನೆಯಲ್ಲಿ ಕೂಲಿಗೆ ಅತ್ತಳು. ಕಣ್ಣೀರನ್ನೇ ಅನ್ನ ಮಾಡಿಕೊಂಡಳು.

ಈ ಕಥೆಯನ್ನು ಹಿಂದಿಯಲ್ಲಿ ನಾಟಕ ಮಾಡಿದವರು ಕೊಲ್ಕತ್ತಾದ ಉಷಾ ಗಂಗೂಲಿ. ಅವರು ಕಾಲೇಜಿನಲ್ಲಿ ಹಿಂದಿ ಪಾಠ ಹೇಳುತ್ತಿದ್ದರು. 1976ರಲ್ಲಿ ‘ರಂಗಕರ್ಮಿ’ ಎಂಬ ತಂಡ ಕಟ್ಟಿದರು. 1992ರಲ್ಲಿ ‘ರುದಾಲಿ’ ಆಡಿಸಿದರು. ಶನಿಚರಿಯ ಪಾರ್ಟನ್ನು ತಾವೇ ಮಾಡಿದರು. ಹೆಣ್ಣು ಬರೆದ ಕಥೆ, ಹೆಣ್ಣು ಕಟ್ಟಿದ ನಾಟಕ, ಹೆಣ್ಣೇ ಆಡಿದ ಪಾರ್ಟು! ಮಹಾಶ್ವೇತಾದೇವಿ 2016ರಲ್ಲಿ ತೀರಿಕೊಂಡರು. ಉಷಾ ಗಂಗೂಲಿ 2020ರಲ್ಲಿ ತೀರಿಕೊಂಡರು. ಶನಿಚರಿ ಮಾತ್ರ ಉಳಿದಿದ್ದಾಳೆ.

ಇದನ್ನೂ ತಿಳಿದುಕೊಳ್ಳೋಣ: ಸಾಲಕ್ಕಾಗಿ ಜೀತ ಮಾಡಿಸುವುದು ಅಪರಾಧ. ಅದನ್ನು ನಿಷೇಧಿಸಿ 1976ರಲ್ಲೇ ಕಾನೂನು ಬಂದಿದೆ.

ಬೀದಿಗೆ ಬಂದ ನಾಟಕ

‘ಸ್ಟೋವ್ ಸಿಡಿದು ಸೊಸೆ ಸತ್ತಳು.’ ಒಂದು ಕಾಲದಲ್ಲಿ ಪೇಪರಿನಲ್ಲಿ ಇಂಥ ಸುದ್ದಿ ಮತ್ತೆ ಮತ್ತೆ ಬರುತ್ತಿತ್ತು. ಸ್ಟೋವ್ ಯಾವಾಗಲೂ ಸೊಸೆಗೇ ಯಾಕೆ ಸಿಡಿಯುತ್ತದೆ? ದೆಹಲಿಯ ಹೆಣ್ಣುಮಕ್ಕಳು ಇದನ್ನು ಕೇಳಿದರು. 1979ರ ಹೊತ್ತಿಗೆ ಅವರು ಒಟ್ಟಾಗಿ ‘ಓಂ ಸ್ವಾಹಾ’ ಎಂಬ ಬೀದಿನಾಟಕ ಕಟ್ಟಿದರು. ಅದು ವರದಕ್ಷಿಣೆಯ ಸಾವುಗಳ ಕಥೆ. ಪರದೆ ಇಲ್ಲ, ಟಿಕೇಟು ಇಲ್ಲ. ಜನ ಇದ್ದಲ್ಲಿಗೇ ನಾಟಕ ಹೋಯಿತು.

ಮನೆಯೊಳಗೆ ಮುಚ್ಚಿಟ್ಟ ಮಾತು ಬೀದಿಗೆ ಬಂತು. ಹೆಣ್ಣುಮಕ್ಕಳ ಹೋರಾಟ ಬೆಳೆಯಿತು. 1983ರಲ್ಲಿ ಹೆಂಡತಿಗೆ ಹಿಂಸೆ ಕೊಡುವ ಗಂಡ ಮತ್ತು ಅವನ ಮನೆಯವರ ಮೇಲೆ ಕಾನೂನು ಬಿಗಿಯಾಯಿತು. ಒಂದು ನಾಟಕದಿಂದಲೇ ಕಾನೂನು ಬರಲಿಲ್ಲ, ನಿಜ. ಆದರೆ ಬಾಯಿ ಬಿಡಲು ನಾಟಕ ಧೈರ್ಯ ಕೊಟ್ಟಿತು.

ನಮ್ಮ ಕನ್ನಡದಲ್ಲಿ

ನಂಜನಗೂಡು ತಿರುಮಲಾಂಬ ಹುಟ್ಟಿದ್ದು 1887ರಲ್ಲಿ. ಹತ್ತು ವರ್ಷಕ್ಕೆ ಮದುವೆ. ಹದಿನಾಲ್ಕಕ್ಕೆ ಗಂಡ ತೀರಿಕೊಂಡ. ಮೂಲೆಯಲ್ಲಿ ಕೂರಬೇಕಾದ ಆ ಹುಡುಗಿ ಪುಸ್ತಕ ಹಿಡಿದಳು. ಕಾದಂಬರಿ ಬರೆದರು, ನಾಟಕ ಬರೆದರು, ಪತ್ರಿಕೆ ನಡೆಸಿದರು. ತಮ್ಮ ಪುಸ್ತಕಗಳನ್ನು ತಾವೇ ಪ್ರಕಟಿಸಿದರು.

ಆರ್. ನಾಗರತ್ನಮ್ಮ 1958ರಲ್ಲಿ ಬೆಂಗಳೂರಿನಲ್ಲಿ ‘ಸ್ತ್ರೀ ನಾಟಕ ಮಂಡಳಿ’ ಕಟ್ಟಿದರು. ಅಲ್ಲಿ ಪಾರ್ಟು ಮಾಡುವವರೆಲ್ಲ ಹೆಂಗಸರೇ. ಭೀಮ, ಕಂಸರ ಪಾರ್ಟಿಗೂ ಹೆಂಗಸರೇ ಮೀಸೆ ಹಚ್ಚಿ ನಿಂತರು! 2012ರಲ್ಲಿ ಸರ್ಕಾರ ಅವರಿಗೆ ಪದ್ಮಶ್ರೀ ಕೊಟ್ಟಿತು.

ಕುಂದಾಪುರದಲ್ಲಿ ಹುಟ್ಟಿದ ವೈದೇಹಿ ಮಕ್ಕಳಿಗಾಗಿ ಎಷ್ಟೋ ನಾಟಕ ಬರೆದಿದ್ದಾರೆ. ‘ಧಾಂ ಧೂಂ ಸುಂಟರಗಾಳಿ’ ಅವುಗಳಲ್ಲಿ ಒಂದು. ಕನ್ನಡದಲ್ಲಿ ಬೀದಿನಾಟಕ ಬರೆದ ಡಾ. ವಿಜಯಾ ತಮ್ಮ ಬಾಳಿನ ಕಥೆಯನ್ನೂ ಬರೆದಿದ್ದಾರೆ. ಆ ಪುಸ್ತಕದ ಹೆಸರು ‘ಕುದಿ ಎಸರು’. ಒಲೆಯ ಮುಂದೆ ನಿಂತವರಿಗೆ ಈ ಹೆಸರು ಬಿಡಿಸಿ ಹೇಳಬೇಕಾಗಿಲ್ಲ.

ಅಕ್ಕ-ತಂಗಿಯರೇ, ನಾವು ಈಗ ಹೆಬ್ಬೆಟ್ಟು ಬಿಟ್ಟು ಸಹಿ ಮಾಡ್ತೇವೆ. ಸಹಿ ಹಾಕಿದ ಕೈ ಒಂದು ಮಾತು ಬರೆಯಬಲ್ಲದು. ಒಬ್ಬರು ಒಂದು ಮಾತು ಬರೆದರೆ, ಇನ್ನೊಬ್ಬರು ಅದಕ್ಕೆ ಉತ್ತರ ಬರೆಯಬಹುದು. ನಾಟಕ ಶುರುವಾಗುವುದು ಅಲ್ಲಿಂದಲೇ.

ಕೂಡಿ ಮಾತಾಡೋಣ

1. ಶನಿಚರಿಗೆ ಓದಲು ಬರುತ್ತಿದ್ದರೆ ಜಮೀನ್ದಾರನಿಗೆ ಏನು ಕೇಳುತ್ತಿದ್ದಳು? ಓದು ಬಂದರೆ ಸಾಕಿತ್ತೇ? ಇನ್ನೇನು ಬೇಕಿತ್ತು?
2. ಕಥೆ ಬರೆಯುವುದಕ್ಕಿಂತ ನಾಟಕ ಬರೆಯುವುದು ಹೆಣ್ಣುಮಕ್ಕಳಿಗೆ ಯಾಕೆ ಕಷ್ಟವಾಯಿತು?
3. ನಮ್ಮ ಊರಿನಲ್ಲಿ ಬೀದಿನಾಟಕ ಆಡಿದರೆ ಯಾವ ವಿಷಯ ಆರಿಸುತ್ತೀರಿ?

ಓದಿ ಬರೆಯೋಣ

ನಾಟಕ, ತಾಲೀಮು, ಪಾರ್ಟು, ಹೆಬ್ಬೆಟ್ಟು, ಜೀತ, ಕಾನೂನು, ಸಹಿ

ಮಾಡಿ ನೋಡೋಣ

ಇಬ್ಬಿಬ್ಬರು ಜೊತೆಯಾಗಿ. ಒಬ್ಬರು ಜಮೀನ್ದಾರ, ಒಬ್ಬರು ಶನಿಚರಿ. ಜಮೀನ್ದಾರ ಕಾಗದ ಚಾಚುತ್ತಾನೆ. ಈ ಸಲ ಶನಿಚರಿ ಓದಬಲ್ಲಳು. ಅವಳು ಏನು ಹೇಳುತ್ತಾಳೆ? ಮೊದಲು ಆಡಿ ನೋಡಿ. ಆಮೇಲೆ ಆ ಮಾತನ್ನು ನಿಮ್ಮ ಪುಸ್ತಕದಲ್ಲಿ ಬರೆಯಿರಿ. ಕೆಳಗೆ ನಿಮ್ಮ ಹೆಸರು ಹಾಕಲು ಮರೆಯಬೇಡಿ.