ಮಿದುಳಿನ ವಿದ್ಯುಲ್ಲೇಖ

ಪಾಠ ನಡೆಯುತ್ತಿರುವಾಗ ಬಾಲಕನೊಬ್ಬನು ಇದ್ದಕ್ಕಿದ್ದಂತೆ ಶೂನ್ಯದೃಷ್ಟಿಯಿಂದ ನೋಡತೊಡಗುತ್ತಾನೆ. ಬರೆಯುತ್ತಿದ್ದ ಕೈ ನಿಲ್ಲುತ್ತದೆ, ಕರೆದರೆ ಓಗೊಡುವುದಿಲ್ಲ. ಹತ್ತು ಹದಿನೈದು ಸೆಕೆಂಡುಗಳು ಕಳೆದ ಮೇಲೆ ಏನೂ ನಡೆಯದವನಂತೆ ಮತ್ತೆ ಬರೆಯುತ್ತಾನೆ. ಗುರುಗಳು ಇದನ್ನು ಅಲಕ್ಷ್ಯವೆಂದು ಬಗೆದು ಗದರಿಸುವುದುಂಟು, ದಂಡಿಸುವುದೂ ಉಂಟು. ಆದರೆ ಇಂತಹ ಮಕ್ಕಳಲ್ಲಿ ಕೆಲವರದು ಮನಸ್ಸಿನ ಚಾಂಚಲ್ಯವಲ್ಲ, ಮಿದುಳಿನ ವ್ಯಾಧಿ. ಈ ಭೇದವನ್ನು ಕಣ್ಣಿಗೆ ಕಾಣುವಂತೆ ಮಾಡಿದ ಸಾಧನವೇ ವಿದ್ಯುಲ್ಲೇಖ.

ವೈದ್ಯರು ಇದನ್ನು ಇ.ಇ.ಜಿ. ಎನ್ನುತ್ತಾರೆ. ಅದರ ಪೂರ್ಣರೂಪ ಎಲೆಕ್ಟ್ರೋಎನ್ಸೆಫಲೋಗ್ರಾಮ್. ಗ್ರೀಕ್ ಮೂಲದ ಈ ಶಬ್ದವನ್ನು ಬಿಡಿಸಿದರೆ ವಿದ್ಯುತ್ತು, ತಲೆಯೊಳಗಿನದು, ಬರಹ ಎಂಬ ಮೂರು ಅರ್ಥಗಳು ದೊರೆಯುತ್ತವೆ. ಮಿದುಳು ತನ್ನ ವಿದ್ಯುತ್ತಿನಿಂದ ತಾನೇ ಬರೆಯುವ ಬರಹವೆಂದು ಇದರ ತಾತ್ಪರ್ಯ.

1875ರಲ್ಲಿ ಇಂಗ್ಲೆಂಡಿನ ಲಿವರ್‌ಪೂಲ್ ನಗರದ ವೈದ್ಯ ರಿಚರ್ಡ್ ಕೇಟನ್ನನು ಮೊಲ ಹಾಗೂ ಕೋತಿಗಳ ಮಿದುಳಿನಲ್ಲಿ ವಿದ್ಯುತ್ ಪ್ರವಾಹವಿರುವುದನ್ನು ಪ್ರಕಟಿಸಿದನು. ಮಾನವನ ಮಿದುಳಿನ ವಿದ್ಯುತ್ತನ್ನು ಮೊದಲು ದಾಖಲಿಸಿದವನು ಜರ್ಮನಿಯ ಯೇನಾ ನಗರದ ಮನೋವೈದ್ಯ ಹ್ಯಾನ್ಸ್ ಬರ್ಗರ್. ಮನಸ್ಸಿನ ಶಕ್ತಿಯನ್ನು ಭೌತಿಕವಾಗಿ ಅಳೆಯಬೇಕೆಂಬುದು ಅವನ ಬಹುಕಾಲದ ಹಂಬಲವಾಗಿತ್ತು. 1924ರಲ್ಲಿ ದೊರೆತ ಫಲವನ್ನು ಅವನು ಕೂಡಲೇ ಸಾರಲಿಲ್ಲ; ಐದು ವರ್ಷ ಪರೀಕ್ಷಿಸಿ 1929ರಲ್ಲಿ ಪ್ರಕಟಿಸಿದನು. ಆಗಲೂ ವಿದ್ವಾಂಸರು ಸಂದೇಹಪಟ್ಟರು. 1934ರಲ್ಲಿ ಕೇಂಬ್ರಿಜ್ಜಿನ ಏಡ್ರಿಯನ್ ಮತ್ತು ಮ್ಯಾಥ್ಯೂಸ್ ಅದನ್ನು ದೃಢಪಡಿಸಿದ ಮೇಲೆಯೇ ಲೋಕವು ನಂಬಿತು.

ಮಿದುಳಿನ ಜೀವಕೋಶಗಳು ಪರಸ್ಪರ ವ್ಯವಹರಿಸುವಾಗ ಅತ್ಯಲ್ಪ ವಿದ್ಯುತ್ತು ಹುಟ್ಟುತ್ತದೆ. ಅಸಂಖ್ಯಾತ ಕೋಶಗಳು ಒಟ್ಟಾಗಿ ಮಿಡಿದಾಗ ಅದು ನೆತ್ತಿಯ ಚರ್ಮದವರೆಗೆ ತಲುಪುತ್ತದೆ. ಅಲ್ಲಿ ಅದರ ಪ್ರಮಾಣ ಸಾಮಾನ್ಯವಾಗಿ 10ರಿಂದ 100 ಮೈಕ್ರೋವೋಲ್ಟ್; ಒಂದು ಮೈಕ್ರೋವೋಲ್ಟ್ ಎಂದರೆ ವೋಲ್ಟಿನ ಹತ್ತು ಲಕ್ಷದಲ್ಲೊಂದು ಪಾಲು. ತಲೆಯ ಮೇಲೆ ಗೊತ್ತಾದ ಸ್ಥಾನಗಳಲ್ಲಿ ಲೋಹದ ಪುಟ್ಟ ಬಿಲ್ಲೆಗಳನ್ನು ಅಂಟಿಸಿ, ಈ ವಿದ್ಯುತ್ತನ್ನು ವರ್ಧಿಸಿ, ರೇಖೆಗಳಾಗಿ ಮೂಡಿಸುತ್ತಾರೆ. ಹಿಂದೆ ಈ ರೇಖೆಗಳನ್ನು ಲೇಖನಿಗಳು ಕಾಗದದ ಮೇಲೆ ಬರೆಯುತ್ತಿದ್ದವು. ಇಂದು ಅವು ಗಣಕಯಂತ್ರದ ತೆರೆಯ ಮೇಲೆ ಮೂಡುತ್ತವೆ. ಯಂತ್ರವು ಶರೀರಕ್ಕೆ ವಿದ್ಯುತ್ತನ್ನು ಹಾಯಿಸುವುದಿಲ್ಲ. ಆದಕಾರಣ ನೋವಿಗೂ ಭಯಕ್ಕೂ ಆಸ್ಪದವಿಲ್ಲ.

ಎಚ್ಚರವಾಗಿದ್ದು ಕಣ್ಣು ಮುಚ್ಚಿ ವಿಶ್ರಮಿಸುವಾಗ ಸೆಕೆಂಡಿಗೆ 8ರಿಂದ 13ರಷ್ಟು ಅಲೆಗಳು ಏಳುತ್ತವೆ. ಬರ್ಗರನು ಇವುಗಳಿಗೆ ಆಲ್ಫಾ ಎಂದು ಹೆಸರಿಟ್ಟನು. ಕಣ್ಣು ತೆರೆದೊಡನೆ ಇವು ಕುಗ್ಗುತ್ತವೆ. ಗಾಢನಿದ್ರೆಯಲ್ಲಿ ಅಲೆಗಳು ನಿಧಾನವಾಗಿ, ಎತ್ತರವಾಗಿ ಹರಿಯುತ್ತವೆ.

ಆರಂಭದಲ್ಲಿ ಹೇಳಿದ ಬಾಲಕನ ವ್ಯಾಧಿಗೆ ಬರುವಾಗ ಇದರ ಮಹತ್ವ ಸ್ಪಷ್ಟವಾಗುತ್ತದೆ. ಅದು ಅಪಸ್ಮಾರದ ಒಂದು ಪ್ರಭೇದ; ಇದರಲ್ಲಿ ಬೀಳುವುದಿಲ್ಲ, ನೊರೆ ಬರುವುದಿಲ್ಲ, ಕ್ಷಣಕಾಲ ಅರಿವು ಮಾತ್ರ ತಪ್ಪುತ್ತದೆ. 1935ರಲ್ಲಿ ಅಮೆರಿಕದ ಗಿಬ್ಸ್, ಡೇವಿಸ್ ಮತ್ತು ಲೆನಾಕ್ಸ್ ಎಂಬ ಸಂಶೋಧಕರು ಇದರ ಗುರುತನ್ನು ಕಂಡುಹಿಡಿದರು. ಸೆಕೆಂಡಿಗೆ ಸುಮಾರು ಮೂರು ಬಾರಿ, ಚೂಪಾದ ಮೊನೆಯೊಂದು, ಅದರ ಬೆನ್ನಿಗೊಂದು ದುಂಡನೆಯ ಅಲೆ, ಹೀಗೆ ಲೇಖ ಸಾಗುತ್ತದೆ. ಮಗುವನ್ನು ಮೂರು ನಿಮಿಷ ದೀರ್ಘವಾಗಿ ಉಸಿರಾಡಿಸಿದರೆ ಈ ಚಿಹ್ನೆ ಅನೇಕ ವೇಳೆ ವೈದ್ಯರ ಎದುರಿನಲ್ಲಿಯೇ ಪ್ರಕಟವಾಗುತ್ತದೆ. ತಕ್ಕ ಔಷಧದಿಂದ ಬಹುಪಾಲು ಮಕ್ಕಳಲ್ಲಿ ಇದು ಹತೋಟಿಗೆ ಬರುತ್ತದೆ.

ನಿದ್ರಾರೋಗ, ದೀರ್ಘಮೂರ್ಛೆ ಮುಂತಾದವುಗಳ ಪರೀಕ್ಷೆಗೂ ಈ ಲೇಖ ನೆರವಾಗುತ್ತದೆ. ಆದರೆ ಇದಕ್ಕೂ ಮಿತಿಯುಂಟು. ಇದು ಮನುಷ್ಯನ ಆಲೋಚನೆಯನ್ನು ಓದಿ ಹೇಳುವುದಿಲ್ಲ. ಒಮ್ಮೆ ತೆಗೆದ ಲೇಖ ಸರಿಯಾಗಿದ್ದ ಮಾತ್ರಕ್ಕೆ ಅಪಸ್ಮಾರವಿಲ್ಲವೆಂದು ಹೇಳುವಂತಿಲ್ಲ. ರೋಗಿಯ ವೃತ್ತಾಂತವನ್ನು ಕೇಳಿಯೇ ವೈದ್ಯರು ನಿರ್ಣಯಿಸಬೇಕು.

ಮೂರ್ಛೆ ಬಂದವರ ಮುಷ್ಟಿಯಲ್ಲಿ ಬೀಗದ ಕೈ ಹಿಡಿಸುವುದು, ದೆವ್ವದ ಕಾಟವೆಂದು ಮಂತ್ರಿಸುವುದು ನಮ್ಮ ನಾಡಿನಲ್ಲಿ ಇನ್ನೂ ಅಳಿದಿಲ್ಲ. ರೋಗವನ್ನು ಮರೆಮಾಚಿ ಮಕ್ಕಳನ್ನು ಶಾಲೆಯಿಂದ ಬಿಡಿಸುವವರೂ ಇದ್ದಾರೆ. ಇದು ದೆವ್ವದ ಚೇಷ್ಟೆಯೂ ಅಲ್ಲ, ಪೂರ್ವಕರ್ಮದ ಶಿಕ್ಷೆಯೂ ಅಲ್ಲ, ಮಿದುಳಿನ ವಿದ್ಯುತ್ತಿನ ಏರುಪೇರು ಎಂಬುದಕ್ಕೆ ಈ ರೇಖೆಗಳೇ ಸಾಕ್ಷಿ. ತರಗತಿಯಲ್ಲಿ ಮಗು ಪದೇ ಪದೇ ಮೈಮರೆಯುತ್ತಿದ್ದರೆ ಬೆತ್ತವನ್ನು ಕೆಳಗಿರಿಸಿ ತಂದೆತಾಯಿಗಳಿಗೆ ತಿಳಿಸುವುದು ಗುರುವಾದವನ ಧರ್ಮ. ಅಪರಾಧವಿಲ್ಲದ ಮಗುವಿಗೆ ದಂಡನೆ ತಪ್ಪುವುದೇ ಈ ವಿದ್ಯೆಯ ದೊಡ್ಡ ಪ್ರಯೋಜನ.