ಕಬ್ಬಿನ ಲೆಕ್ಕ ಮತ್ತು ಕೀಬೋರ್ಡಿನ ಶಾರ್ಟ್‌ಕಟ್‌ಗಳು



ಈ ಪುಟದಲ್ಲಿ ಸಾಮಾನ್ಯವಾಗಿ ಬೀಜ, ಗೊಬ್ಬರ, ಗೊಣ್ಣೆಹುಳುವಿನ ವಿಚಾರವಿರುತ್ತದೆ. ಈ ಸಲ ಕಂಪ್ಯೂಟರಿನ ವಿಷಯವನ್ನು ತೆಗೆದುಕೊಂಡಿರುವೆನು. ಏಕೆಂದರೆ ನಮ್ಮ ಅಕ್ಕಲಕೋಟ, ಜತ್ತ ಕಡೆಯ ಅನೇಕ ಮನೆಗಳಲ್ಲಿ ಕಬ್ಬಿನ ಲೆಕ್ಕವನ್ನು ಈಗ ಮಗನೋ ಮಗಳೋ ಎಕ್ಸೆಲ್‌ನಲ್ಲಿ ಇಡುತ್ತಾರೆ. ಕಬ್ಬು ಹಚ್ಚಿದ ತಾರೀಖು, ಕಾಟಾ ಪಾವತಿಯ ತೂಕ, ಕೈಗೆ ಬಂದ ಬಿಲ್ಲು ಎಲ್ಲವೂ ಅದರಲ್ಲಿಯೇ. ಆದರೆ ಪ್ರತಿಯೊಂದು ಕೆಲಸಕ್ಕೂ ಕೀಬೋರ್ಡಿನಿಂದ ಕೈ ಎತ್ತಿ ಮೌಸ್ ಹಿಡಿಯುವದೆಂದರೆ, ಗಳೆ ಹೊಡೆಯುವವನು ಸಾಲು ಸಾಲಿಗೂ ಎತ್ತು ಬಿಚ್ಚಿ ಕಟ್ಟಿದಂತೆ.

ಕಂಟ್ರೋಲ್ ಕೀಲಿಯನ್ನು ಒತ್ತಿ ಹಿಡಿದುಕೊಂಡೇ ಇನ್ನೊಂದು ಕೀಲಿಯನ್ನು ಒಮ್ಮೆ ತಟ್ಟಿ ಬಿಡಬೇಕು. ಸಿ ತಟ್ಟಿದರೆ ನಕಲು, ಎಕ್ಸ್ ತಟ್ಟಿದರೆ ಕತ್ತರಿಸುವದು, ವ್ಹಿ ತಟ್ಟಿದರೆ ಅಂಟಿಸುವದು, ಝಡ್ ತಟ್ಟಿದರೆ ಈಗ ಮಾಡಿದ್ದು ರದ್ದು. ಈ ನಾಲ್ಕೂ ಕೆಳಸಾಲಿನ ಎಡಗಡೆ ಒತ್ತಟ್ಟಿಗೆ ಇವೆ. ಕತ್ತರಿಸಿ ಅಂಟಿಸುವ ಈ ಪದ್ಧತಿಯನ್ನು 1970ರ ದಶಕದಲ್ಲಿ ಅಮೇರಿಕೆಯ ಝೆರಾಕ್ಸ್ ಕಂಪನಿಯ ಸಂಶೋಧನಾ ಕೇಂದ್ರದಲ್ಲಿ ಲ್ಯಾರಿ ಟೆಸ್ಲರ್ ಹಾಗೂ ಅವರ ಜೊತೆಗಾರರು ರೂಪಿಸಿದರು. ಎಸ್ ತಟ್ಟಿದರೆ ಬರೆದದ್ದು ಉಳಿಯುವದು. ನಮ್ಮ ಹಳ್ಳಿಯ ಕರೆಂಟನ್ನು ಬಲ್ಲವರಿಗೆ ಇದರ ಬೆಲೆಯನ್ನು ಬೇರೆ ಹೇಳಬೇಕಿಲ್ಲ.

ಉದ್ದನೆಯ ನೋಂದಣಿ ಯಾದಿಯಲ್ಲಿ ನಿಮ್ಮ ಸಾಲು ಬೇಕಾದರೆ ಕಂಟ್ರೋಲ್ ಹಿಡಿದು ಎಫ್ ತಟ್ಟಿರಿ. ಹೆಸರಿನಿಂದ ಹುಡುಕಬೇಡಿರಿ. ಯಾದಿ ಮರಾಠಿಯಲ್ಲಿದ್ದರೆ ಕನ್ನಡ ಅಕ್ಷರ ಹಾಕಿದಾಗ ಏನೂ ಸಿಗದು. ಸಭಾಸದ ನಂಬರಿನಿಂದಲೇ ಹುಡುಕಬೇಕು. ಅಲ್ಲಿಯೂ 127 ಎಂದು ಹಾಕಿದರೆ 1127 ಕೂಡ ಎದುರಿಗೆ ನಿಲ್ಲುತ್ತದೆ. ನಂಬರು ಪೂರ್ತಿ ಓದಿಯೇ ಮುಂದೆ ಹೋಗಿರಿ.

ಪಾವತಿಗಳ ತೂಕ ಕೂಡಿಸಲು ಕಾಲಮ್ಮಿನ ಕೆಳಗಿನ ಖಾಲಿ ಮನೆಯಲ್ಲಿ ನಿಂತು ಆಲ್ಟ್ ಕೀಲಿ ಹಿಡಿದು ಸಮ ಚಿಹ್ನೆಯನ್ನು ತಟ್ಟಿದರೆ ಸಾಕು. ಎಂಟರ್ ಒತ್ತುವ ಮೊದಲು ಒಂದು ಕ್ಷಣ ತಡೆಯಿರಿ. ನಡುವೆ ಒಂದು ಮನೆ ಖಾಲಿ ಬಿಟ್ಟಿದ್ದರೆ ಸಾಮಾನ್ಯವಾಗಿ ಅದರ ಕೆಳಗಿನದಷ್ಟನ್ನೇ ಕೂಡಿಸುವದು. ಆಗ ಬಿಲ್ಲು ಸರಿಯಿದ್ದರೂ ನಿಮ್ಮ ಲೆಕ್ಕ ಕೂಡದು. ಗೆರೆ ಎಲ್ಲಿಯ ತನಕ ಸುತ್ತಿದೆ ಎಂಬುದನ್ನು ಕಣ್ಣಿಟ್ಟು ನೋಡಬೇಕು.

ಇನ್ನು ತಾರೀಖಿನ ಮಾತು. ನಾನು ಇಷ್ಟೆಲ್ಲ ಬರೆಯುವದಕ್ಕೆ ಇದೇ ಮುಖ್ಯ ಕಾರಣ. ಕೆಲವು ಕಂಪ್ಯೂಟರುಗಳ ಜೋಡಣೆ ಅಮೇರಿಕೆಯ ರೀತಿಯದಾಗಿರುತ್ತದೆ. ಅವು ತಿಂಗಳನ್ನು ಮೊದಲು, ದಿನವನ್ನು ಆಮೇಲೆ ಓದುತ್ತವೆ. ಜುಲೈ 8ರಂದು ಹಚ್ಚಿದ ಆಡಸಾಲಿ ಕಬ್ಬನ್ನು ನೀವು 8/7/2025 ಎಂದು ಬರೆದರೆ ತೆರೆಯ ಮೇಲೆ ಹಾಗೆಯೇ ಕಾಣುವದು, ಆದರೆ ಒಳಗೆ ಅದು ಆಗಸ್ಟ್ 7. ಎರಡೂ ಆಡಸಾಲಿಯ ತಿಂಗಳುಗಳೇ ಆದ್ದರಿಂದ ಯಾರಿಗೂ ಸಂಶಯ ಬಾರದು. ಕಡಿತದ ಪಾಳಿ ನಿಲ್ಲುವದು ನಾಟಿಯ ತಾರೀಖಿನ ಮೇಲೆ. ಒಂದು ತಿಂಗಳು ಹಿಂದೆ ಬಿದ್ದ ಕಬ್ಬು ಟೋಳಿಯ ದಾರಿ ಕಾಯುತ್ತ ಒಣಗಿ ತೂಕ ಕಳೆದುಕೊಳ್ಳುವದು. ತಾರೀಖು ತಿರುಗಿ ಮುಂದೆ ಬಿದ್ದರೆ ಪಕ್ವವಾಗುವ ಮೊದಲೇ ಕೊಡಲಿ ಬೀಳುವದು. ನಾನೂ ಒಮ್ಮೆ ಇಂಥ ಯಾದಿಯನ್ನು ನೋಡಿ ಸರಿಯೆಂದು ಸಹಿ ಮಾಡಿದವನೇ. ರೈತರೊಬ್ಬರು ತಮ್ಮ ಡೈರಿ ತಂದು ತೋರಿಸಿದ ಮೇಲೆ ಕಣ್ಣು ತೆರೆಯಿತು.

ಇದನ್ನು ಹಿಡಿಯುವ ಕೀಲಿ ಇದೆ. ತಾರೀಖಿನ ಕಾಲಮ್ಮಿನ ಮೇಲಿನ ಅಕ್ಷರದ ಮೇಲೆ ಕ್ಲಿಕ್ ಮಾಡಿ, ಕಂಟ್ರೋಲ್ ಮತ್ತು ಶಿಫ್ಟ್ ಎರಡನ್ನೂ ಹಿಡಿದು 3ರ ಕೀಲಿಯನ್ನು ತಟ್ಟಿರಿ. ತಿಂಗಳು ಅಂಕಿಯಿಂದ ಅಕ್ಷರಕ್ಕೆ ಬದಲಾಗುವದು, ಜುಲೈಯೋ ಆಗಸ್ಟೋ ಎಂಬುದು ಬಯಲಾಗುವದು. ಬದಲಾಗದೆ ಎಡಕ್ಕೆ ಅಂಟಿಕೊಂಡು ನಿಂತದ್ದನ್ನು ಯಂತ್ರ ತಾರೀಖೆಂದೇ ತಿಳಿದಿಲ್ಲ. 13/7/2025 ಎಂಬಂಥವು ಹೀಗಾಗುತ್ತವೆ, ಏಕೆಂದರೆ ಹದಿಮೂರನೆಯ ತಿಂಗಳು ಎಲ್ಲಿಯೂ ಇಲ್ಲ. ಅವನ್ನು ತಿರುಗಿ ಬರೆಯಬೇಕು.

ಹಚ್ಚಿದ ದಿನವೇ ಬರೆಯುವದಾದರೆ ಕಂಟ್ರೋಲ್ ಹಿಡಿದು ಸೆಮಿಕೋಲನ್ ತಟ್ಟಿರಿ, ಅಂದಿನ ತಾರೀಖು ತಾನೇ ಬರುವದು ಮತ್ತು ಮರುದಿನ ಬದಲಾಗದು. ಕೆಲವು ಹುಡುಗರು ಟುಡೇ ಎಂಬ ಸೂತ್ರ ಹಾಕುತ್ತಾರೆ. ಅದು ಫೈಲು ತೆರೆದ ದಿನದ ತಾರೀಖನ್ನು ತೋರಿಸುವದರಿಂದ ನಿಮ್ಮ ಕಬ್ಬು ಯಾವಾಗ ನೋಡಿದರೂ ಇಂದೇ ಹಚ್ಚಿದ್ದಾಗಿರುವದು!

ನೋಂದಣಿಗೆ ಗಟ ಕಚೇರಿಗೆ ಬರುವಾಗ ತಾರೀಖಿನಲ್ಲಿ ತಿಂಗಳ ಹೆಸರನ್ನು ಅಕ್ಷರದಲ್ಲಿಯೇ ಬರೆದು ತರಬೇಕು. ನಮ್ಮ ಯಾದಿಯಲ್ಲಿ ನಿಮ್ಮ ಸಾಲನ್ನು ತೋರಿಸಲು ಕೇಳಿರಿ, ತಪ್ಪು ಕಂಡರೆ ಪಾಳಿ ಹಚ್ಚುವ ಮೊದಲೇ ಲೇಖಿ ಅರ್ಜಿ ಕೊಡಿರಿ.