ಹೀಬ್ರೂವಿನಿಂದ ಅರಮಾಯಿಕ್‌ಗೆ: ಸೋದರಭಾಷೆಯ ಕಲಿಕೆ

ಮುಂಬಯಿಯ ಬೆನೆ ಇಸ್ರೇಲಿ ಯಹೂದ್ಯರ ಮನೆಮಾತು ಮರಾಠಿ. ಪ್ರಾರ್ಥನೆಯ ಭಾಷೆ ಹೀಬ್ರೂ. ಅವರಿಗೆ ಉಪಯೋಗವಾಗಲೆಂದು ಮಿಶನರಿ ವಿದ್ವಾಂಸ ಜಾನ್ ವಿಲ್ಸನ್ 1832ರಲ್ಲಿಯೇ ಮರಾಠಿಯಲ್ಲಿ ಹೀಬ್ರೂ ವ್ಯಾಕರಣವನ್ನು ರಚಿಸಿದನು. ಆದರೆ 1796ರಲ್ಲಿ ಸ್ಥಾಪಿತವಾದ ಶಾರ್ ಹರಹಮೀಮ್ ಮೊದಲಾದ ಇಲ್ಲಿನ ಪ್ರಾರ್ಥನಾಮಂದಿರಗಳಲ್ಲಿ ಪಠಿಸಲಾಗುವ, ಮೃತರ ಸ್ಮರಣೆಗೂ ಸಲ್ಲುವ 'ಕದ್ದೀಶ್' ಬಹುಮಟ್ಟಿಗೆ ಹೀಬ್ರೂವಲ್ಲ, ಅರಮಾಯಿಕ್. ಲಿಪಿ ಒಂದೇ ಆದುದರಿಂದ ಭಾಷೆ ಬದಲಾದುದು ಕಣ್ಣಿಗೆ ಕಾಣುವುದಿಲ್ಲ. ಹೀಬ್ರೂ ಕಲಿತವನ ತೊಡಕು ಆರಂಭವಾಗುವುದು ಇಲ್ಲಿಯೇ.

ಹಳೆಯ ಒಡಂಬಡಿಕೆಯಲ್ಲಿ ಅರಮಾಯಿಕ್ ಭಾಗ ಸ್ವಲ್ಪವೇ: ದಾನಿಯೇಲ ಮತ್ತು ಎಜ್ರ ಗ್ರಂಥಗಳ ಕೆಲವು ಅಧ್ಯಾಯಗಳು, ಯೆರೆಮೀಯನ ಒಂದು ವಚನ, ಆದಿಕಾಂಡದಲ್ಲಿ ಎರಡೇ ಪದಗಳು. ಈ ಎರಡು ಪದಗಳ ಸಂದರ್ಭ ಸ್ವಾರಸ್ಯಕರವಾದುದು. ಒಂದೇ ಕಲ್ಲುಗುಪ್ಪೆಗೆ ಮಾವ ಲಾಬಾನನು ಅರಮಾಯಿಕ್ ಹೆಸರನ್ನಿಟ್ಟರೆ ಅಳಿಯ ಯಾಕೋಬನು ಹೀಬ್ರೂ ಹೆಸರನ್ನಿಡುತ್ತಾನೆ.

ಈ ಎರಡು ಭಾಷೆಗಳ ನಡುವಣ ಧ್ವನಿಸಂವಾದ ನಿಯಮಬದ್ಧವಾದುದು. ಹೀಬ್ರೂವಿನ 'ಝಹಾವ್' (ಚಿನ್ನ) ಅರಮಾಯಿಕ್‌ನಲ್ಲಿ 'ದೆಹಾವ್'. 'ಶೋರ್' (ಎತ್ತು) 'ತೋರ್'. 'ಶಾಲೋಶ್' (ಮೂರು) 'ತೆಲಾತ್'. ಕನ್ನಡದ ಹೂ, ಹುಲಿಗಳೆದುರು ತುಳುವಿನ ಪೂ, ಪಿಲಿಗಳನ್ನು ಕೇಳುತ್ತ ಬೆಳೆದ ಮುಂಬಯಿ ಕನ್ನಡಿಗನಿಗೆ ಇದು ಹೊಸದಲ್ಲ. ಒಂದು ವ್ಯತ್ಯಾಸವನ್ನು ಮಾತ್ರ ಗಮನಿಸಬೇಕು. ತುಳು ಪಕಾರವನ್ನು ಉಳಿಸಿಕೊಂಡಿತು, ಕನ್ನಡ ಹಕಾರವಾಗಿಸಿತು. ಹೀಬ್ರೂ-ಅರಮಾಯಿಕ್‌ಗಳ ಈ ಪದಗಳಲ್ಲಾದರೋ ಮೂಲಧ್ವನಿಯನ್ನು ಎರಡೂ ಕಳೆದುಕೊಂಡಿವೆ. ಆದುದರಿಂದ ಮೊದಲು ಕಲಿತ ಹೀಬ್ರೂವನ್ನೇ ಮೂಲವೆಂದೂ ಅರಮಾಯಿಕ್ಕನ್ನು ಅದರ ಅಪಭ್ರಂಶವೆಂದೂ ಭಾವಿಸುವುದು ಸಲ್ಲದು. ತುಳುವನ್ನು ಕನ್ನಡದ ಉಪಭಾಷೆಯೆಂದವರೂ ಇಂಥದೇ ತಪ್ಪನ್ನು ಮಾಡಿದ್ದರು.

ಪರಿಚಯವೇ ಮೋಸಮಾಡುವುದಕ್ಕೆ ಒಂದು ನಿದರ್ಶನ ಸಾಕು. ದಾನಿಯೇಲ ಗ್ರಂಥದ ಎರಡನೆಯ ಅಧ್ಯಾಯದ ನಾಲ್ಕನೆಯ ವಚನದ ನಡುವೆ, ಪಂಡಿತರು ಅರಸನೊಡನೆ ಮಾತನಾಡತೊಡಗಿದಾಗ, ಭಾಷೆ ಥಟ್ಟನೆ ಅರಮಾಯಿಕ್ ಆಗುತ್ತದೆ. ಅವರ ಮೊದಲ ಪದವೇ 'ಮಲ್ಕಾ'. ಹೀಬ್ರೂವಿನಲ್ಲಿ ಈ ಉಚ್ಚಾರಣೆಗೆ 'ರಾಣಿ' ಎಂದರ್ಥ. ಇಲ್ಲಿ ಸಂಬೋಧಿತನಾದವನು ನೆಬೂಕದ್ನೆಚ್ಚರ ಚಕ್ರವರ್ತಿ! ಹೀಬ್ರೂವಿನಲ್ಲಿ ನಿರ್ದೇಶಕ ಪ್ರತ್ಯಯ ಪದದ ಮೊದಲಿಗೆ ಬರುತ್ತದೆ. ಅರಮಾಯಿಕ್‌ನಲ್ಲಿ 'ಆ' ಎಂದು ಕೊನೆಗೆ ಸೇರುತ್ತದೆ. ಬರಹದಲ್ಲಿ ಕಡೆಯ ಅಕ್ಷರ ಬೇರೆಯಾದರೂ ಕಿವಿಗೆ ಭೇದ ತಿಳಿಯದು. ಹೊಸಗನ್ನಡದ ಅರ್ಥವನ್ನು ಹಳಗನ್ನಡದ ಪದಕ್ಕೆ ಹಚ್ಚಿ ಓದುವ ವಿದ್ಯಾರ್ಥಿಯ ಪಾಡೂ ಇದೇ.

ಲಿಪಿಯ ವಿಷಯದಲ್ಲಿ ಋಣ ತಿರುಗುಮುರುಗಾಗಿದೆ. ಇಂದು ಹೀಬ್ರೂ ಎನ್ನಲಾಗುವ ಚೌಕಾಕಾರದ ಅಕ್ಷರಗಳು ಅರಮಾಯಿಕ್‌ನಿಂದಲೇ ಬಂದವು. ಭಾರತದ ವಾಯವ್ಯದ ಖರೋಷ್ಠಿಯೂ ಆ ಲಿಪಿಯಿಂದಲೇ ಹುಟ್ಟಿತೆಂಬುದು ಬಹುಜನ ವಿದ್ವಾಂಸರ ಮತ. ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿಯ ಅಶೋಕಶಾಸನವನ್ನು ಬ್ರಾಹ್ಮಿಯಲ್ಲಿ ಬರೆದ ಚಪಡನು, ತನ್ನ ವೃತ್ತಿಯನ್ನು ಸೂಚಿಸುವ 'ಲಿಪಿಕರೇಣ' ಎಂಬ ಪದವೊಂದನ್ನು ಮಾತ್ರ ಬಲದಿಂದ ಎಡಕ್ಕೆ ಸಾಗುವ ಖರೋಷ್ಠಿಯಲ್ಲಿ ಬರೆದಿದ್ದಾನೆ.